ಹೆಸರಿಲ್ಲದ ವಿಜ್ಞಾನಿ: ವೆಲ್ಸ್‌ನ ಕಾಲಯಾತ್ರಿಕ ಒಳ್ಳೆಯ ಸಂಶೋಧಕನೇ?

ಹಳೇಪುಸ್ತಕ:

ಎಚ್.ಜಿ. ವೆಲ್ಸ್ ಬರೆದ ‘ದಿ ಟೈಮ್ ಮಷೀನ್’ ಕಾದಂಬರಿಯ ಬಗ್ಗೆ ಮಾತು ಬಂದರೆ ಎಲ್ಲರೂ ಕಾಲದಲ್ಲಿ ಓಡಾಡುವ ಆ ಯಂತ್ರದ ಬಗ್ಗೆ ಹೇಳುತ್ತಾರೆ. ಇಲ್ಲಾ ಅದು ಹೋಗಿ ಸೇರುವ 8,02,701ನೇ ಇಸವಿಯ ಬಗ್ಗೆ, ಅಲ್ಲಿ ನೆಲದಡಿ ಬದುಕುವ ಮಾರ್ಲಾಕ್ ಅನ್ನುವ ಜೀವಿಗಳ ಬಗ್ಗೆ. ಯಂತ್ರ ಕಟ್ಟಿದವನ ಸುದ್ದಿ ಬರುವುದೇ ಕಡಿಮೆ. ನನಗೆ ಅವನ ಮೇಲೇ ಕುತೂಹಲ ಜಾಸ್ತಿ. ಕಾಲವನ್ನು ತನ್ನ ಕೈಗೆ ತೆಗೆದುಕೊಳ್ಳಲು ಹೊರಟ ಈ ಮನುಷ್ಯ ಒಬ್ಬ ಸಂಶೋಧಕನಾಗಿ ಎಂಥವನು? ಅದನ್ನು ಇಲ್ಲಿ ಮಾತಾಡೋಣ.

ಪುಸ್ತಕದಲ್ಲಿ ಅವನಿಗೆ ಹೆಸರಿಲ್ಲ. ಕಥೆ ಹೇಳುವವನು ಮೊದಲ ಸಾಲಿನಲ್ಲೇ ‘ಕಾಲಯಾತ್ರಿಕ’ ಅಂತ ಕರೆದು ಮುಂದೆ ಹೋಗುತ್ತಾನೆ. ಮನೆ ಲಂಡನ್ ಹತ್ತಿರದ ರಿಚ್ಮಂಡ್‌ನಲ್ಲಿ. ಗುರುವಾರ ಗೆಳೆಯರು ಊಟಕ್ಕೆ ಬರುತ್ತಾರೆ. ಅವರು ಕೂರುವ ಕುರ್ಚಿಗಳೂ ಅವನದೇ ಪೇಟೆಂಟ್. ಉದ್ದನೆಯ ಓಣಿಯಂಥ ಪಡಸಾಲೆ ದಾಟಿದರೆ ಪ್ರಯೋಗಾಲಯ. ಹೆಂಡತಿ ಮಕ್ಕಳ ಮಾತಿಲ್ಲ. ಮನೆ ನೋಡಿಕೊಳ್ಳಲು ವಾಚೆಟ್ ಅನ್ನುವ ಹೆಂಗಸಿದ್ದಾಳೆ.

ಅವನ ಓದಿನ ಬಗ್ಗೆ ಒಂದೇ ಒಂದು ಖಚಿತ ಸುಳಿವು ಸಿಗುತ್ತದೆ. ಅದೂ ಎಲ್ಲಿ? ಎಂಟು ಲಕ್ಷ ವರ್ಷ ಮುಂದಿನ ಪಾಳುಬಿದ್ದ ಮ್ಯೂಸಿಯಂನಲ್ಲಿ. ಅಲ್ಲಿ ಪುಸ್ತಕಗಳೆಲ್ಲ ಕೊಳೆತು ಕಂದು ಚಿಂದಿಯಾಗಿ ನೇತಾಡುತ್ತಿರುತ್ತವೆ. ಎಷ್ಟೊಂದು ಜನರ ದುಡಿಮೆ ಹಾಳಾಯಿತಲ್ಲ ಅಂತ ಅವನಿಗೆ ಅನಿಸುತ್ತದೆ. ಆಗ ಮುಖ್ಯವಾಗಿ ನೆನಪಾಗುವುದು ರಾಯಲ್ ಸೊಸೈಟಿಯ ಪತ್ರಿಕೆ, ಮತ್ತೆ ಬೆಳಕಿನ ಭೌತಶಾಸ್ತ್ರದ ಮೇಲೆ ತಾನು ಬರೆದ 17 ಪ್ರಬಂಧ. ಅಂದರೆ ಈತ ಹಿತ್ತಲಲ್ಲಿ ಏನೋ ಕುಟ್ಟಿಕೊಂಡಿದ್ದ ಹವ್ಯಾಸಿಯಲ್ಲ. ಆ ಕಾಲದ ಲೆಕ್ಕದಲ್ಲಿ ಹೆಸರು ಮಾಡಿದ ವಿಜ್ಞಾನಿಯೇ ಇರಬೇಕು.

ಅವನು ವಾದ ಕಟ್ಟುವ ಬಗೆ ನೋಡಿ. ಉದ್ದ, ಅಗಲ, ದಪ್ಪ ಮಾತ್ರ ಇದ್ದು ಒಂದು ಕ್ಷಣವೂ ಬಾಳದ ಘನ ಇರಲು ಸಾಧ್ಯವೇ ಅಂತ ಕೇಳುತ್ತಾನೆ. ಇಲ್ಲ ಅಂದಮೇಲೆ ಕಾಲವೂ ಒಂದು ಆಯಾಮ ತಾನೇ? ಆಮೇಲೆ ಒಬ್ಬನೇ ಮನುಷ್ಯನ 8, 15, 17, 23ನೇ ವಯಸ್ಸಿನ ಚಿತ್ರಗಳ ಉದಾಹರಣೆ ಕೊಡುತ್ತಾನೆ. ನಾವು ನೋಡುವುದು ಆ ಮನುಷ್ಯನ ತುಣುಕುಗಳನ್ನು, ಇಡೀ ಮನುಷ್ಯನನ್ನಲ್ಲ. ನಂತರ ವಾಯುಭಾರ ಮಾಪಕದ ಏರಿಳಿತವನ್ನು ಗೆರೆಯಾಗಿ ಗುರುತಿಸಿದ ಕಾಗದ ಬರುತ್ತದೆ. ನಿನ್ನೆ ಪಾದರಸ ಮೇಲಿತ್ತು, ರಾತ್ರಿ ಇಳಿಯಿತು, ಬೆಳಿಗ್ಗೆ ಮತ್ತೆ ಏರಿತು. ಕಾಗದದ ಮೇಲಿನ ಆ ಗೆರೆಯನ್ನು ಪಾದರಸ ಎಲ್ಲಿ ಎಳೆಯಿತು? ನಾವು ಕಂಡ ಮೂರು ಆಯಾಮಗಳಲ್ಲಿ ಅಲ್ಲವಲ್ಲ. ಇದನ್ನು ಓದಿದಾಗ ಒಳ್ಳೆಯ ಮೇಷ್ಟ್ರ ಪಾಠ ಕೇಳಿದ ಖುಷಿ ಆಗುತ್ತದೆ.

ಎರಡು ವರ್ಷ ಕೂತು ಅವನು ಯಂತ್ರದ ಸಣ್ಣ ಮಾದರಿ ಮಾಡಿದ್ದ. ಅದು ಚಿಕ್ಕ ಗಡಿಯಾರಕ್ಕಿಂತ ದೊಡ್ಡದಿರಲಿಲ್ಲ. ದೊಡ್ಡ ಯಂತ್ರ ನಿಕ್ಕಲ್, ಆನೆದಂತ, ಸ್ಫಟಿಕದ್ದು. ಹೊರಡುವ ಹೊತ್ತಿಗೆ ಒಂದು ನಿಕ್ಕಲ್ ಸರಳು ಸರಿಯಾಗಿ ಒಂದು ಇಂಚು ಗಿಡ್ಡ ಅಂತ ಗೊತ್ತಾಗಿ ಮತ್ತೆ ಮಾಡಿಸಿಕೊಳ್ಳಬೇಕಾಯಿತು. ಈ ಒಂದು ಇಂಚಿನ ವಿಷಯ ನನಗೆ ತುಂಬ ಇಷ್ಟ. ಮಂತ್ರ ಹಾಕುವವನಿಗೆ ಸರಳು ಗಿಡ್ಡವಾಗುವ ತೊಂದರೆ ಇರುವುದಿಲ್ಲ. ವರ್ಕ್‌ಶಾಪಿನಲ್ಲಿ ಕೆಲಸ ಮಾಡಿದವರಿಗಷ್ಟೇ ಅದು ಬರುತ್ತದೆ.

ನನ್ನ ಪ್ರಕಾರ ಈತ ದೊಡ್ಡ ಸಂಶೋಧಕ. ನಿಮಗೇನನಿಸುತ್ತದೆ?

ಲ್ಯಾಬ್‌ಮೇಷ್ಟ್ರು:

ಬರಹ ಚೆನ್ನಾಗಿದೆ ಸರ್. ಆದರೆ ‘ದೊಡ್ಡ ಸಂಶೋಧಕ’ ಅನ್ನುವುದನ್ನು ನಾನು ಒಪ್ಪಲಾರೆ. ಪಿಯು ಮಕ್ಕಳಿಗೆ ಪ್ರಾಕ್ಟಿಕಲ್ಸ್ ಮಾಡಿಸುವವನು ನಾನು. ನಮ್ಮಲ್ಲಿ ಅಳತೆ ತೆಗೆದು ರೆಕಾರ್ಡ್ ಬರೆಯದಿದ್ದರೆ ಪ್ರಯೋಗ ಮಾಡಿದ ಹಾಗೆಯೇ ಅಲ್ಲ.

ಈತ ಭವಿಷ್ಯಕ್ಕೆ ಹೋದದ್ದು ಹೇಗೆ? ಆಯುಧ ಇಲ್ಲ, ಔಷಧ ಇಲ್ಲ, ಸೇದಲು ತಂಬಾಕು ಇಲ್ಲ, ಬೆಂಕಿಕಡ್ಡಿಯೂ ಸಾಲದು. ಒಂದು ಕೊಡಕ್ ತಂದಿದ್ದರೆ ಎಷ್ಟು ಚೆನ್ನಾಗಿತ್ತು ಅಂತ ಅಲ್ಲಿ ಹೋದಮೇಲೆ ಪೇಚಾಡುತ್ತಾನೆ. ಕೊಡಕ್ ಕ್ಯಾಮೆರಾ 1888ರಲ್ಲೇ ಮಾರುಕಟ್ಟೆಗೆ ಬಂದಿತ್ತು. ಪುಸ್ತಕ ಬಂದದ್ದು 1895ರಲ್ಲಿ. ಮನೆಯಲ್ಲಿ ಇಷ್ಟೊಂದು ಸಲಕರಣೆ ಇದ್ದವನಿಗೆ ಅದು ಕಷ್ಟದ ವಸ್ತುವಲ್ಲ.

ಮಾದರಿಯ ಪ್ರಯೋಗವೂ ಅಷ್ಟೇ. ಅತಿಥಿಗಳಲ್ಲಿ ಮನಶ್ಶಾಸ್ತ್ರಜ್ಞನ ಬೆರಳು ಹಿಡಿದು ಅದರಿಂದಲೇ ಸನ್ನೆ (ಲಿವರ್) ಒತ್ತಿಸಿದ್ದು ಒಳ್ಳೆಯದಾಯಿತು. ತಾನೇ ಕೈಚಳಕ ಮಾಡಿದ ಅನ್ನಬಾರದಲ್ಲ. ಆದರೆ ಮಾದರಿ ಮಾಯವಾಯಿತು, ಮತ್ತೆ ಬರಲಿಲ್ಲ. ಪ್ರಯೋಗವನ್ನು ಇನ್ನೊಮ್ಮೆ ಮಾಡಿ ತೋರಿಸಲು ಏನೂ ಉಳಿಯಲಿಲ್ಲ. ನಕ್ಷೆ ಯಾರಿಗೂ ಕೊಟ್ಟಿಲ್ಲ. ಒಬ್ಬ ಶಿಷ್ಯನೂ ಇಲ್ಲ. ಎರಡನೇ ಸಲ ಯಂತ್ರ ಏರಿ ಹೋದವನು ಮರಳಲೇ ಇಲ್ಲ, ಆ ವಿದ್ಯೆಯೂ ಅವನ ಜೊತೆಯೇ ಹೋಯಿತು. ನನಗೆ ಇದು ನಿಜಕ್ಕೂ ಬೇಸರದ ವಿಷಯ.

ಹೂಬಳ್ಳಿ:

ಮೇಷ್ಟ್ರೇ, ಸಾಕ್ಷಿ ಪೂರ್ತಿ ಇಲ್ಲ ಅನ್ನಲಾಗದು. ನಾನು ಸಸ್ಯಶಾಸ್ತ್ರ ಓದಿದವಳು, ಹಾಗಾಗಿ ಹೂವಿನ ಜಾಗಕ್ಕೆ ಬಂದಾಗ ನಿಂತು ಓದುತ್ತೇನೆ.

ವಾಪಸ್ ಬಂದಾಗ ಅವನ ಜೇಬಿನಲ್ಲಿ ಎರಡು ಬಿಳಿ ಹೂವು ಇರುತ್ತವೆ. ಭವಿಷ್ಯದಲ್ಲಿ ಅವನಿಗೆ ಗೆಳತಿಯಾದ ವೀನಾ ಅನ್ನುವ ಪುಟ್ಟ ಹುಡುಗಿ ಇಟ್ಟದ್ದು. ಗೆಳೆಯರಲ್ಲಿ ಒಬ್ಬ ಡಾಕ್ಟರ್ ಇದ್ದಾನಲ್ಲ, ಅವನು ದೀಪದ ಬೆಳಕಿನಲ್ಲಿ ಹೂವನ್ನು ಹಿಡಿದು ನೋಡುತ್ತಾನೆ. ಅಂಡಕೋಶದ ಭಾಗ ವಿಚಿತ್ರವಾಗಿದೆ ಅನ್ನುತ್ತಾನೆ. ಯಾವ ಕುಟುಂಬಕ್ಕೆ ಸೇರಿದ ಹೂವು ಅಂತ ಹೇಳಲು ಅವನಿಗೆ ಆಗುವುದಿಲ್ಲ. ತೆಗೆದುಕೊಂಡು ಹೋಗಲೇ ಅಂತ ಕೇಳಿದರೆ ಕಾಲಯಾತ್ರಿಕ ಬೇಡ ಅಂದುಬಿಡುತ್ತಾನೆ! ಅವನಿಗೆ ಅದು ಮಾದರಿಯಲ್ಲ, ಸತ್ತುಹೋದ ಹುಡುಗಿಯ ನೆನಪು. ಅಲ್ಲಿ ವಿಜ್ಞಾನಿ ಸೋತು ಮನುಷ್ಯ ಗೆದ್ದ ಅಂತ ನನಗೆ ಅನಿಸುತ್ತದೆ. ಅದಕ್ಕಾಗಿ ಅವನ ಮೇಲೆ ಸಿಟ್ಟು ಬರುವುದಿಲ್ಲ.

ಹೂವಿಗಿಂತ ಗಟ್ಟಿ ಸಾಕ್ಷಿ ಇನ್ನೊಂದಿದೆ. ಯಂತ್ರ ಹೊರಟದ್ದು ಪ್ರಯೋಗಾಲಯದ ಆಗ್ನೇಯ ಮೂಲೆಯಿಂದ. ವಾಪಸ್ ಬಂದು ನಿಂತದ್ದು ವಾಯವ್ಯದಲ್ಲಿ, ಗೋಡೆಗೆ ಒತ್ತಿಕೊಂಡು. ಯಾಕೆಂದರೆ ಭವಿಷ್ಯದಲ್ಲಿ ಮಾರ್ಲಾಕ್‌ಗಳು ಅದನ್ನು ಹುಲ್ಲುಹಾಸಿನಿಂದ ಎಳೆದುಕೊಂಡು ಹೋಗಿ ಬಿಳಿ ಸ್ಫಿಂಕ್ಸ್ ಅನ್ನುವ ದೊಡ್ಡ ಪ್ರತಿಮೆಯ ಪೀಠದೊಳಗೆ ಇಟ್ಟಿದ್ದವು. ಪ್ರಯೋಗಾಲಯದಲ್ಲಿ ಯಂತ್ರ ಸರಿದ ದೂರವೇ ಅಲ್ಲಿ ಅವು ಎಳೆದ ದೂರ. ಅವನು ಇದನ್ನು ಗೆಳೆಯರಿಗೆ ಸ್ಪಷ್ಟವಾಗಿ ಹೇಳುತ್ತಾನೆ. ಒಬ್ಬನಾದರೂ ಎದ್ದು ಟೇಪು ಹಿಡಿದು ಅಳೆದನೇ? ಇಲ್ಲ. ತಪ್ಪು ಕೇಳುಗರದ್ದೂ ಇದೆ.

ಹಳೇಪುಸ್ತಕ:

ಹೂಬಳ್ಳಿಯವರೇ, ವಾಹ್. ಆ ದಿಕ್ಕಿನ ವಿಷಯ ಎತ್ತಿದ್ದಕ್ಕೆ ಥ್ಯಾಂಕ್ಸ್.

ಮೇಷ್ಟ್ರು ಹೇಳಿದ ಕ್ಯಾಮೆರಾ ವಿಷಯಕ್ಕೆ ಬರೋಣ. ಎರಡನೇ ಸಲ ಹೊರಡುವಾಗ ಅವನ ಒಂದು ಕಂಕುಳಲ್ಲಿ ಚಿಕ್ಕ ಕ್ಯಾಮೆರಾ, ಇನ್ನೊಂದರಲ್ಲಿ ಚೀಲ ಇರುತ್ತದೆ. ಅರ್ಧ ಗಂಟೆ ಕೂತಿರು, ಅಲ್ಲಿನ ವಸ್ತುಗಳ ಮಾದರಿ ಸಮೇತ ರುಜುವಾತು ತರುತ್ತೇನೆ ಅಂತ ಕಥೆ ಹೇಳುವವನಿಗೆ ಹೇಳಿ ಹೋಗುತ್ತಾನೆ. ಮೊದಲ ಸಲ ಏನು ಕೊರತೆಯಾಯಿತೋ ಅದನ್ನು ಎರಡನೇ ಸಲ ತುಂಬಿಕೊಂಡ. ಪ್ರಯೋಗ ಮಾಡುವವರು ಕಲಿಯುವುದೇ ಹೀಗಲ್ವಾ?

ಆದರೆ ನಾನು ಅವನನ್ನು ದೊಡ್ಡವನು ಅನ್ನಲು ಮುಖ್ಯ ಕಾರಣ ಬೇರೆ. ಅವನು ತನ್ನ ಸಿದ್ಧಾಂತವನ್ನು ತಾನೇ ಮುರಿಯುತ್ತಾ ಹೋಗುತ್ತಾನೆ. ಆ ಭವಿಷ್ಯದಲ್ಲಿ ನೆಲದ ಮೇಲೆ ಬದುಕುವ ಎಲಾಯ್ ಜನರನ್ನು ನೋಡಿದ ಕೂಡಲೇ, ಬೇರೆ ಬೇರೆ ಮನೆಗಳಿಲ್ಲ, ಎಲ್ಲರೂ ಒಟ್ಟಿಗೆ ಇದ್ದಾರೆ, ಇದು ಸಮತಾವಾದ ಅಂದುಕೊಳ್ಳುತ್ತಾನೆ. ಸಂಜೆ ಗುಡ್ಡದ ಮೇಲೆ ಕೂತು ಇನ್ನೊಂದು ವಿವರಣೆ ಕಟ್ಟುತ್ತಾನೆ. ಕಷ್ಟವೇ ಇಲ್ಲದಾದಾಗ ಮನುಷ್ಯನ ಶಕ್ತಿ ಬುದ್ಧಿ ಎರಡೂ ಕುಗ್ಗಿದವು ಅಂತ. ಅದು ಕೇಳಲು ಸೊಗಸಾಗಿದೆ. ಆದರೆ ಅದನ್ನು ಹೇಳಿ ಮುಗಿಸುವಾಗಲೇ, ತಪ್ಪು ಸಿದ್ಧಾಂತಗಳು ಬಹಳಷ್ಟು ಹೀಗೆಯೇ ನಂಬುವ ಹಾಗಿರುತ್ತವೆ ಅಂತ ಗೆಳೆಯರನ್ನು ಎಚ್ಚರಿಸುತ್ತಾನೆ. ಆಮೇಲೆ ಬಾವಿಗಳು ಕಾಣುತ್ತವೆ, ಒಳಗಿನಿಂದ ಯಂತ್ರದ ದಡದಡ ಸದ್ದು ಕೇಳುತ್ತದೆ. ಆಗ ಮೂರನೆಯದು: ಮೇಲಿನವರು ಒಡೆಯರು, ಕೆಳಗಿನವರು ಆಳುಗಳು. ಅದೂ ನಿಲ್ಲುವುದಿಲ್ಲ. ಕೆಳಗಿಳಿದು ಅಲ್ಲಿನ ಮೇಜಿನ ಮೇಲೆ ಮಾಂಸ ನೋಡಿದಮೇಲೆ ಕೊನೆಯ, ಭಯಂಕರ ಉತ್ತರ ಹೊಳೆಯುತ್ತದೆ. ಎಲಾಯ್‌ಗಳು ಯಜಮಾನರಲ್ಲ, ಸಾಕಿದ ದನಗಳು.

ಒಂದೊಂದು ಸಲವೂ ಹಳೆಯ ವಿವರಣೆಗೆ ಅಂಟಿಕೊಳ್ಳದೆ ಕಣ್ಣಿಗೆ ಕಂಡದ್ದಕ್ಕೆ ಬೆಲೆ ಕೊಟ್ಟ. ಅದನ್ನು ಗೆಳೆಯರ ಮುಂದೆ ಮುಚ್ಚಿಡಲೂ ಇಲ್ಲ.

ಅಜ್ಜಿಕಥೆ:

ನಡುವೆ ಬಾಯಿ ಹಾಕುತ್ತಿದ್ದೇನೆ, ಕ್ಷಮಿಸಿ. ನಮ್ಮ ಭಾಗವತದಲ್ಲಿ ಕಕುದ್ಮಿ ರಾಜನ ಕಥೆ ಇದೆಯಲ್ಲ? ಕುಶಸ್ಥಲಿಯ ರಾಜ. ಮಗಳು ರೇವತಿಗೆ ವರ ಯಾರು ಅಂತ ಕೇಳಲು ಅವಳನ್ನೂ ಕರೆದುಕೊಂಡು ಬ್ರಹ್ಮಲೋಕಕ್ಕೆ ಹೋಗುತ್ತಾನೆ. ಅಲ್ಲಿ ಗಂಧರ್ವರ ಹಾಡು ನಡೆಯುತ್ತಿರುತ್ತದೆ. ಸ್ವಲ್ಪ ಹೊತ್ತು ಕಾಯುತ್ತಾನೆ. ಅಷ್ಟರಲ್ಲಿ ಭೂಮಿಯಲ್ಲಿ 27 ಚತುರ್ಯುಗ ಕಳೆದಿರುತ್ತದೆ! ಅವನು ಮನಸ್ಸಿನಲ್ಲಿಟ್ಟುಕೊಂಡಿದ್ದ ವರಗಳೂ ಇಲ್ಲ, ಅವರ ಮೊಮ್ಮಕ್ಕಳೂ ಇಲ್ಲ. ಕೊನೆಗೆ ರೇವತಿ ಬಲರಾಮನನ್ನು ಮದುವೆಯಾಗುತ್ತಾಳೆ. ಕಾಲಯಾತ್ರಿಕ ನಮ್ಮಲ್ಲೇ ಮೊದಲಿದ್ದ ಅಂತ ಹೇಳಬಹುದಲ್ಲ?

ಗಣಿತಗೀಳು:

ಕಕುದ್ಮಿ ಕಥೆ ನನಗೂ ಪ್ರಿಯ. ಒಂದು ಕಡೆ ಸ್ವಲ್ಪ ಹೊತ್ತು, ಇನ್ನೊಂದು ಕಡೆ ಯುಗಗಳು ಅನ್ನುವ ಕಲ್ಪನೆ ಬಹಳ ದೊಡ್ಡದು. ಆದರೆ ಕಕುದ್ಮಿ ಕಾಲವನ್ನು ಅಳೆಯಲು ಹೊರಟವನಲ್ಲ, ಮಗಳ ಮದುವೆ ಮಾಡಲು ಹೊರಟವನು. ಕಾಲ ಅವನ ಮೇಲೆ ಹರಿದು ಹೋಯಿತು. ವೆಲ್ಸ್‌ನವನ ಕೈಯಲ್ಲಿ ಸನ್ನೆ ಇದೆ. ಕಣ್ಣ ಮುಂದೆ ದಿನ, ಸಾವಿರ ದಿನ, ಹತ್ತು ಲಕ್ಷ ದಿನ, ನೂರು ಕೋಟಿ ದಿನ ಲೆಕ್ಕ ಹಾಕುವ ನಾಲ್ಕು ಮುಳ್ಳಿನ ಡಯಲ್ ಇದೆ. ಯಂತ್ರದಿಂದ ಇಳಿಯುವಾಗ ಸನ್ನೆಗಳನ್ನು ಬಿಚ್ಚಿ ಜೇಬಿಗೆ ಹಾಕಿಕೊಳ್ಳುತ್ತಾನೆ. ಅದೇ ಆಮೇಲೆ ಜೀವ ಉಳಿಸುತ್ತದೆ. ಎರಡು ಕಥೆಯನ್ನೂ ಪಕ್ಕಪಕ್ಕ ಇಟ್ಟು ಓದಿದರೆ ಎರಡೂ ಇನ್ನೂ ಚೆಂದ ಕಾಣುತ್ತವೆ. ಯಾರು ಮೊದಲು ಅನ್ನುವ ಪಂದ್ಯ ಬೇಡ.

ಇನ್ನು ಗಣಿತದ ಮಾತು. ಕಾಲಯಾತ್ರಿಕ ತನ್ನ ವಾದದ ನಡುವೆ ಒಬ್ಬ ನಿಜವಾದ ವಿಜ್ಞಾನಿಯ ಹೆಸರು ಹೇಳುತ್ತಾನೆ: ಸೈಮನ್ ನ್ಯೂಕಾಂಬ್, ಅಮೆರಿಕದ ಖಗೋಳ ವಿಜ್ಞಾನಿ. ನ್ಯೂಕಾಂಬ್ 1893ರ ಡಿಸೆಂಬರಿನಲ್ಲಿ ನ್ಯೂಯಾರ್ಕ್‌ನ ಗಣಿತ ಸಂಘದಲ್ಲಿ ನಾಲ್ಕು ಆಯಾಮದ ಬಗ್ಗೆ ಮಾತಾಡಿದ್ದರು. ಮುಂದಿನ ವರ್ಷ ಅದು ‘ನೇಚರ್’ ಪತ್ರಿಕೆಯಲ್ಲಿ ಬಂತು. ಕಥೆಯೊಳಗಿನ ವಿದ್ವಾಂಸ ಹೊಸದಾಗಿ ಬಂದ ಪ್ರಬಂಧಗಳನ್ನು ಓದಿಕೊಂಡಿದ್ದ ಅನ್ನಲು ಇದಕ್ಕಿಂತ ಪುರಾವೆ ಬೇಕೇ?

ಐನ್‌ಸ್ಟೈನ್‌ನ ವಿಶೇಷ ಸಾಪೇಕ್ಷತೆ ಬಂದದ್ದು 1905ರಲ್ಲಿ. ಗಣಿತಜ್ಞ ಮಿಂಕೋವ್‌ಸ್ಕಿ ದೇಶ-ಕಾಲವನ್ನು (ಸ್ಪೇಸ್-ಟೈಮ್) ಒಂದೇ ನಾಲ್ಕು ಆಯಾಮದ ಹಂದರವಾಗಿ ವಿವರಿಸಿದ್ದು 1908ರಲ್ಲಿ, ಜರ್ಮನಿಯ ಕೊಲೋನ್‌ನಲ್ಲಿ. ವೆಲ್ಸ್ ಅದಕ್ಕಿಂತ ಹತ್ತು ವರ್ಷಕ್ಕೂ ಮೊದಲು ಬರೆದ. ಆದರೆ ಒಂದು ವ್ಯತ್ಯಾಸ ಇದೆ. ಕಾಲಯಾತ್ರಿಕನ ಲೆಕ್ಕದಲ್ಲಿ ಕಾಲವೂ ಉದ್ದ ಅಗಲದ ಥರದ್ದೇ. ಮಿಂಕೋವ್‌ಸ್ಕಿಯ ಲೆಕ್ಕದಲ್ಲಿ ಕಾಲದ ಚಿಹ್ನೆಯೇ ಬೇರೆ, ಒಂದು ಪ್ಲಸ್ ಆದರೆ ಇನ್ನೊಂದು ಮೈನಸ್. ಬೇಕಾದ ಕಡೆ ತಿರುಗಿ ಹಿಂದಕ್ಕೆ ಹೋಗಲು ಬಿಡದಿರುವುದೇ ಆ ಮೈನಸ್.

ಮುಂದಕ್ಕೆ ಹೋಗುವುದಂತೂ ಸಾಬೀತಾಗಿದೆ. 1971ರಲ್ಲಿ ಹಾಫೆಲೆ ಮತ್ತು ಕೀಟಿಂಗ್ ಅನ್ನುವ ವಿಜ್ಞಾನಿಗಳು ಬಹಳ ನಿಖರವಾದ ಸೀಸಿಯಂ ಪರಮಾಣು ಗಡಿಯಾರಗಳನ್ನು ಸಾಮಾನ್ಯ ಪ್ರಯಾಣಿಕರ ವಿಮಾನದಲ್ಲೇ ಕೂರಿಸಿ ಭೂಮಿ ಸುತ್ತಿಸಿದರು. ನೆಲದ ಗಡಿಯಾರಕ್ಕಿಂತ ಪೂರ್ವಕ್ಕೆ ಹೋದವು ಸುಮಾರು 59 ನ್ಯಾನೋಸೆಕೆಂಡ್ (ಸೆಕೆಂಡಿನ ನೂರು ಕೋಟಿಯಲ್ಲಿ ಒಂದು ಪಾಲು) ಹಿಂದೆ ಬಿದ್ದವು, ಪಶ್ಚಿಮಕ್ಕೆ ಹೋದವು ಸುಮಾರು 273 ನ್ಯಾನೋಸೆಕೆಂಡ್ ಮುಂದೆ ಹೋದವು. ನಿಮ್ಮ ಮೊಬೈಲಿನ ಜಿಪಿಎಸ್ ನಡೆಯುವುದೂ ಈ ಲೆಕ್ಕ ಸರಿಪಡಿಸಿಕೊಂಡೇ. ಉಪಗ್ರಹದ ಗಡಿಯಾರ ದಿನಕ್ಕೆ ಸುಮಾರು 38 ಮೈಕ್ರೋಸೆಕೆಂಡ್ ಮುಂದೆ ಓಡುತ್ತದೆ.

ಲ್ಯಾಬ್‌ಮೇಷ್ಟ್ರು:

ಇದು ಸರಿಯಾದ ಮಾತು. ಹಾಫೆಲೆ, ಕೀಟಿಂಗ್ ಮಾಡಿದ್ದನ್ನು ನಾಳೆ ಇನ್ನೊಬ್ಬರು ಮಾಡಬಹುದು. ನನ್ನ ತಕರಾರು ಇರುವುದೇ ಅಲ್ಲಿ.

ಸೂರ್ಯನ ವಿಷಯ ಯಾರೂ ಎತ್ತಲಿಲ್ಲ. ಕೊನೆಗೆ ಅವನು 3 ಕೋಟಿ ವರ್ಷ ಮುಂದೆ ಹೋಗುತ್ತಾನೆ. ಅಲ್ಲಿ ಆಕಾಶದ ಹತ್ತನೇ ಒಂದು ಪಾಲು ತುಂಬಿಕೊಂಡ ಮಂಕು ಕೆಂಪು ಸೂರ್ಯ. ಭೂಮಿ ತಿರುಗುವುದು ನಿಂತುಹೋಗಿ ಒಂದೇ ಮುಖ ಸೂರ್ಯನ ಕಡೆಗಿದೆ. ಇವತ್ತು ನಮಗೆ 3 ಕೋಟಿ ತೀರಾ ಕಡಿಮೆ ಅನಿಸುತ್ತದೆ. ಸೂರ್ಯನಿಗೆ ಇನ್ನೂ ಸುಮಾರು 500 ಕೋಟಿ ವರ್ಷ ಇದೆ. ಆದರೆ ಆಗಿನ ದೊಡ್ಡ ಭೌತಶಾಸ್ತ್ರಜ್ಞ ಲಾರ್ಡ್ ಕೆಲ್ವಿನ್, ಸೂರ್ಯ ಕುಗ್ಗುತ್ತಾ ಶಾಖ ಕೊಡುತ್ತಾನೆ, ಅವನ ಒಟ್ಟು ಆಯಸ್ಸೇ ಕೆಲವು ಕೋಟಿ ವರ್ಷ ಅಂತ ಲೆಕ್ಕ ಹಾಕಿದ್ದರು. ವಿಕಿರಣಶೀಲತೆ ಪತ್ತೆಯಾದದ್ದೇ 1896ರಲ್ಲಿ, ಪುಸ್ತಕ ಬಂದ ಮುಂದಿನ ವರ್ಷ. ಸೂರ್ಯನೊಳಗಿನ ಬೈಜಿಕ ಕ್ರಿಯೆ ಗೊತ್ತಾಗಲು ಇನ್ನೂ ದಶಕಗಳು ಬೇಕಾದವು. ಹಾಗಾಗಿ ಕಾಲಯಾತ್ರಿಕ ಕಂಡದ್ದು ತನ್ನ ಕಾಲದ ಅತ್ಯುತ್ತಮ ವಿಜ್ಞಾನ ಹೇಳಿದ ಸೂರ್ಯನನ್ನೇ. ಮಕ್ಕಳಿಗೆ ಕೆಲ್ವಿನ್ ಪಾಠ ಮಾಡುವಾಗ ನಾನು ಈ ಅಧ್ಯಾಯ ಓದಿ ಹೇಳುತ್ತೇನೆ. ಕ್ಲಾಸು ಗಪ್‌ಚಿಪ್ ಕೂತು ಕೇಳುತ್ತದೆ.

ನೆಲಮಾಳಿಗೆ:

ನೀವೆಲ್ಲ ಭೌತಶಾಸ್ತ್ರದಲ್ಲಿ ಮುಳುಗಿದ್ದೀರಿ. ಈ ವಿದ್ವಾಂಸನ ಕಣ್ಣಿಗೆ ಅದೇ ಯಾಕೆ ಕಂಡಿತು ಅನ್ನುವುದನ್ನೂ ನೋಡಬೇಕು. ನೆಲದ ಮೇಲೆ ಆಡಿಕೊಂಡಿರುವವರು, ನೆಲದಡಿಯಲ್ಲಿ ದುಡಿಯುವವರು. ಇದು ವೆಲ್ಸ್‌ಗೆ ಆಕಾಶದಿಂದ ಬಿದ್ದದ್ದಲ್ಲ.

ಅವನ ತಾಯಿ ಸಸೆಕ್ಸ್‌ನ ಅಪ್‌ಪಾರ್ಕ್ ಎಂಬ ದೊಡ್ಡ ಬಂಗಲೆಯಲ್ಲಿ ಮನೆವಾರ್ತೆ ನೋಡಿಕೊಳ್ಳುವ ಕೆಲಸಕ್ಕಿದ್ದಳು. ಅಲ್ಲಿ ಅಡುಗೆಮನೆಗೆ, ಲಾಯಕ್ಕೆ ಓಡಾಡಲು ನೆಲದಡಿ ಸುರಂಗಗಳಿವೆ. ಆಳುಗಳು ಯಜಮಾನರ ಕಣ್ಣಿಗೆ ಬೀಳದೆ ಓಡಾಡಲಿ ಅಂತ. ಅವುಗಳಿಗೆ ಗಾಳಿ ಬೆಳಕು ಬರಲು ಮೇಲಕ್ಕೆ ಕಿಂಡಿಗಳು. ಪುಸ್ತಕದಲ್ಲಿ ಮಾರ್ಲಾಕ್‌ಗಳ ಬಾವಿಗಳು ಗಾಳಿ ಎಳೆದುಕೊಳ್ಳುವುದನ್ನು ಓದಿ, ಆಮೇಲೆ ಅಪ್‌ಪಾರ್ಕ್‌ನ ಕಿಂಡಿಗಳನ್ನು ನೆನೆಸಿಕೊಳ್ಳಿ. ವೆಲ್ಸ್ ಹುಡುಗನಾಗಿದ್ದಾಗ ಬಟ್ಟೆ ಅಂಗಡಿಯಲ್ಲಿ ಅಪ್ರೆಂಟಿಸ್ ಆಗಿಯೂ ದುಡಿದ, ದಿನಕ್ಕೆ 13 ಗಂಟೆ. ಆಮೇಲೆ ಸ್ಕಾಲರ್‌ಶಿಪ್ ಸಿಕ್ಕಿ ಲಂಡನ್ನಿನ ನಾರ್ಮಲ್ ಸ್ಕೂಲ್ ಆಫ್ ಸೈನ್ಸ್ ಸೇರಿದ. ಅಲ್ಲಿ ಜೀವಶಾಸ್ತ್ರ ಕಲಿಸಿದ್ದು ಡಾರ್ವಿನ್‌ನ ವಿಕಾಸವಾದವನ್ನು ಎತ್ತಿಹಿಡಿದ ಟಿ.ಎಚ್. ಹಕ್ಸ್‌ಲಿ. ವಿಕಾಸ ಅಂದರೆ ಯಾವಾಗಲೂ ಮೇಲೇರುವುದಲ್ಲ, ಕೆಳಗಿಳಿಯಲೂಬಹುದು ಅನ್ನುವುದು ಅಲ್ಲಿಂದ ಬಂದ ಪಾಠ.

ನನ್ನ ತಾಯಿಯೂ ಬೇರೆಯವರ ಮನೆಗೆಲಸ ಮಾಡಿ ನನ್ನನ್ನು ಓದಿಸಿದವಳು. ಹಿಂದಿನ ಬಾಗಿಲಿನಿಂದಲೇ ಒಳಗೆ ಹೋಗಬೇಕಿತ್ತು. ಹಾಗಾಗಿ ಕಾಲಯಾತ್ರಿಕನ ಬಗ್ಗೆ ನನಗೆ ಒಂದು ದೂರು ಉಳಿದೇ ಇದೆ. ಎಲಾಯ್‌ಗಳ ಜೊತೆ ದಿನಗಟ್ಟಲೆ ಇದ್ದ, ಅವರ ಮಾತು ಕಲಿತ, ಹೂಮಾಲೆ ಹಾಕಿಸಿಕೊಂಡ. ಮಾರ್ಲಾಕ್‌ಗಳ ಜೊತೆ ಒಂದು ಮಾತಾದರೂ ಆಡಲು ನೋಡಿದನೇ? ಕೆಳಗೆ ಇಳಿದದ್ದು ಒಂದೇ ಸಲ, ಅದೂ ಓಡಿಬಂದ. ಯಂತ್ರ ಗೊತ್ತಿದ್ದವರು ಅಲ್ಲಿ ಅವರೇ ಅಲ್ವಾ? ಅವನ ಯಂತ್ರವನ್ನು ಒರೆಸಿ ಎಣ್ಣೆ ಹಾಕಿ ಇಟ್ಟದ್ದೂ ಅವರೇ.

ಹಳೇಪುಸ್ತಕ:

ನೆಲಮಾಳಿಗೆಯವರೇ, ಇದಕ್ಕೆ ನನ್ನ ಬಳಿ ಉತ್ತರ ಇಲ್ಲ. ಎಣ್ಣೆ ಹಾಕಿದ್ದನ್ನು ಅವನೇ ಗಮನಿಸಿ ಹೇಳುತ್ತಾನೆ, ಯಂತ್ರವನ್ನು ಅರ್ಥ ಮಾಡಿಕೊಳ್ಳಲು ಅದನ್ನು ಸ್ವಲ್ಪ ಬಿಚ್ಚಿಯೂ ಇರಬಹುದು ಅನ್ನುತ್ತಾನೆ. ಆದರೂ ಆ ಕುತೂಹಲದ ಬೆನ್ನು ಹತ್ತುವುದಿಲ್ಲ. ಅವನಿಗೆ ಶಿಷ್ಯರು ಸಿಗುವುದಿದ್ದರೆ ಅದು ಬಹುಶಃ ಅಲ್ಲೇ.

ಗಣಿತಗೀಳು:

ಶಿಷ್ಯರ ಮಾತು ಬಂತು, ಹಾಗಾಗಿ ಎರಡು ವಿಷಯ.

ಈ ವಿದ್ವಾಂಸನಿಗೆ ಒಬ್ಬ ಅಣ್ಣ ಇದ್ದಾನೆ. 1888ರಲ್ಲಿ, 21ನೇ ವಯಸ್ಸಿನಲ್ಲಿ, ವೆಲ್ಸ್ ತನ್ನ ಕಾಲೇಜು ಪತ್ರಿಕೆಯಲ್ಲಿ ‘ದಿ ಕ್ರಾನಿಕ್ ಆರ್ಗೋನಾಟ್ಸ್’ ಅನ್ನುವ ಕಥೆ ಶುರು ಮಾಡಿದ. ಅದರಲ್ಲಿ ಡಾಕ್ಟರ್ ಮೋಸೆಸ್ ನೆಬೋಗಿಪ್‌ಫೆಲ್ ಅನ್ನುವವನು ವೇಲ್ಸ್‌ನ ಒಂದು ಹಳ್ಳಿಯ ಪಾಳು ಮನೆಗೆ ಬಂದು ಕಾಲದ ಯಂತ್ರ ಕಟ್ಟುತ್ತಾನೆ. ಊರಿನವರು ಮಾಟಗಾರ ಅಂತ ತಿಳಿದು ದಾಳಿ ಮಾಡುತ್ತಾರೆ. ತಾನು ಹುಟ್ಟಬಾರದ ಕಾಲದಲ್ಲಿ ಹುಟ್ಟಿದವನು ಅನ್ನುವುದು ಅವನ ಕೊರಗು. ಕಥೆ ಮೂರು ಕಂತು ಬಂದು ನಿಂತುಹೋಯಿತು. ಆ ಒಂಟಿ ಮಾಟಗಾರನೇ ಏಳು ವರ್ಷದಲ್ಲಿ ಗೆಳೆಯರಿಗೆ ಊಟ ಹಾಕಿ ಪಾಠ ಹೇಳುವ ಕಾಲಯಾತ್ರಿಕನಾದ. ಈ ಬದಲಾವಣೆಯೇ ಪುಸ್ತಕವನ್ನು ಗೆಲ್ಲಿಸಿತು ಅನ್ನುವುದು ನನ್ನ ಅಭಿಪ್ರಾಯ.

ಇನ್ನು ಶಿಷ್ಯ. ರೊನಾಲ್ಡ್ ಮ್ಯಾಲೆಟ್, ಅಮೆರಿಕದ ಕನೆಕ್ಟಿಕಟ್ ವಿಶ್ವವಿದ್ಯಾಲಯದಲ್ಲಿ ಭೌತಶಾಸ್ತ್ರ ಪ್ರಾಧ್ಯಾಪಕರಾಗಿದ್ದವರು. ಇವರು ನಿಜವಾದ ಮನುಷ್ಯ. ಹತ್ತು ವರ್ಷದ ಹುಡುಗನಾಗಿದ್ದಾಗ ಇವರ ತಂದೆ ಹೃದಯಾಘಾತದಿಂದ ತೀರಿಕೊಂಡರು, ತಂದೆಗೆ ಆಗ 33 ವರ್ಷ. ಮರುವರ್ಷದ ಹೊತ್ತಿಗೆ ‘ಟೈಮ್ ಮಷೀನ್’ನ ಕಾಮಿಕ್ಸ್ ಪುಸ್ತಕ ಕೈಗೆ ಸಿಕ್ಕಿತು. ಹಿಂದಕ್ಕೆ ಹೋಗಿ ಅಪ್ಪನನ್ನು ನೋಡಬೇಕು, ಎಚ್ಚರಿಸಬೇಕು ಅಂತ ಆಸೆ ಹುಟ್ಟಿತು. ಆ ಆಸೆಯನ್ನು ಬಹಳ ಕಾಲ ಯಾರಿಗೂ ಹೇಳದೆ ಭೌತಶಾಸ್ತ್ರ ಓದಿದರು. 2000ನೇ ಇಸವಿಯಲ್ಲಿ, ಸುತ್ತುವ ಲೇಸರ್ ಬೆಳಕು ದೇಶ-ಕಾಲವನ್ನು ತನ್ನ ಜೊತೆ ತಿರುಗಿಸುತ್ತದೆ ಅನ್ನುವ ಪ್ರಬಂಧ ಪ್ರಕಟಿಸಿದರು. ಅದರಿಂದ ಯಂತ್ರ ಆಗದು ಅಂತ ಬೇರೆ ಭೌತಶಾಸ್ತ್ರಜ್ಞರು ಲೆಕ್ಕ ಹಾಕಿ ತೋರಿಸಿದ್ದಾರೆ. ಅದು ಆಗಿದ್ದರೂ ಯಂತ್ರ ಚಾಲೂ ಮಾಡಿದ ದಿನಕ್ಕಿಂತ ಹಿಂದಕ್ಕೆ ಹೋಗಲಾಗದು ಅಂತ ಮ್ಯಾಲೆಟ್ ಅವರೇ ಹೇಳಿದ್ದಾರೆ. ಅಂದರೆ ಅಪ್ಪನ ಹತ್ತಿರಕ್ಕೆ ದಾರಿಯಿಲ್ಲ.

ಹೂಬಳ್ಳಿ:

ಇದನ್ನು ಓದಿ ಗಂಟಲು ಕಟ್ಟಿತು. ಬೆಳಕಿನ ಮೇಲೆ 17 ಪ್ರಬಂಧ ಬರೆದವನ ಶಿಷ್ಯನೂ ಬೆಳಕನ್ನೇ ಹಿಡಿದನಲ್ಲ.

ಹೊಸಓದುಗ:

ಎಲ್ಲರಿಗೂ ನಮಸ್ಕಾರ. ಇಡೀ ಚರ್ಚೆ ಓದಿದೆ. ನಾನಿನ್ನೂ ಪುಸ್ತಕ ಓದಿಲ್ಲ. ಶುರು ಮಾಡಬೇಕು ಅಂತ ಆಸೆ ಆಗಿದೆ. ಯಾವ ಆವೃತ್ತಿ ಓದಲಿ? ಇಂಗ್ಲಿಷ್ ಕಷ್ಟವೇ?

ಹಳೇಪುಸ್ತಕ:

ಧೈರ್ಯವಾಗಿ ಶುರು ಮಾಡಿ. ಪುಸ್ತಕ ಚಿಕ್ಕದು. ಮೊದಲ ಎರಡು ಅಧ್ಯಾಯದಲ್ಲಿ ಮಾತು ಜಾಸ್ತಿ, ಅಲ್ಲಿ ಬಿಡಬೇಡಿ. ಯಾವುದೇ ಆವೃತ್ತಿ ಆದೀತು, ಆದರೆ 1895ರಲ್ಲಿ ಲಂಡನ್ನಿನ ಹೈನ್‌ಮನ್ ಪ್ರಕಾಶನ ತಂದ ಪಠ್ಯ ಆಧರಿಸಿದ್ದು ಸಿಕ್ಕರೆ ಒಳ್ಳೆಯದು. ಅದೇ ವರ್ಷ ‘ನ್ಯೂ ರಿವ್ಯೂ’ ಪತ್ರಿಕೆಯಲ್ಲಿ ಧಾರಾವಾಹಿಯಾಗಿ ಬಂದಾಗ ಸಂಪಾದಕ ಹೆನ್ಲಿ ಕೇಳಿದರು ಅಂತ ವೆಲ್ಸ್ ಒಂದು ಭಾಗ ಸೇರಿಸಿದ್ದ. ಇನ್ನೂ ಮುಂದಿನ ಕಾಲದಲ್ಲಿ ಮೊಲದಂಥ ಬೂದು ಪ್ರಾಣಿಗಳು, ಅವೂ ಮನುಷ್ಯರ ಸಂತತಿಯೇ ಅನ್ನುವ ಭಾಗ. ಪುಸ್ತಕ ಮಾಡುವಾಗ ಅದನ್ನು ತೆಗೆದುಹಾಕಿದ. ಕೆಲವು ಆವೃತ್ತಿಗಳಲ್ಲಿ ಅದು ಕೊನೆಗೆ ಪ್ರತ್ಯೇಕವಾಗಿ ಇರುತ್ತದೆ, ಕಥೆ ಮುಗಿದಮೇಲೆ ಓದಿ.

ಲ್ಯಾಬ್‌ಮೇಷ್ಟ್ರು:

ಒಂದು ಸಲಹೆ. ವಾಚೆಟ್ ಪ್ರಯೋಗಾಲಯ ದಾಟುವ ಜಾಗ ಎರಡು ಸಲ ಬರುತ್ತದೆ. ಕಾಲಯಾತ್ರಿಕ ಹೋಗುವಾಗ ಅವಳು ರಾಕೆಟ್ಟಿನ ಹಾಗೆ ಮುಂದಕ್ಕೆ, ಅವನು ವಾಪಸ್ ಬರುವಾಗ ಬೆನ್ನು ಮುಂದಾಗಿ ಹಿಂದಕ್ಕೆ ಸಾಗುವ ಹಾಗೆ ಕಾಣುತ್ತಾಳೆ. ಎರಡನ್ನೂ ಗುರುತು ಹಾಕಿಟ್ಟುಕೊಳ್ಳಿ. ಓದಿದಮೇಲೆ ಇಲ್ಲಿ ಬಂದು ಹೇಳಿ, ನನ್ನ ಕಡೆಯೋ ಹಳೇಪುಸ್ತಕದವರ ಕಡೆಯೋ ಅಂತ.